ಟಿವಿ ಸಾಕ್ಷ್ಯಚಿತ್ರದ ಕೆಲಸ ಕಲಿಸುವ ಖರ್ಚು ಯಾರ ತಲೆಗೆ?

2024ರ ಫೆಬ್ರವರಿಯಲ್ಲಿ ಬ್ರಿಟನ್ನಿನ ಸಿನಿಮಾ–ಟಿವಿ ಕೆಲಸಗಾರರ ಸಂಘ ಬೆಕ್ಟು ಒಂದು ಸಮೀಕ್ಷೆ ಪ್ರಕಟಿಸಿತು. ಉತ್ತರಿಸಿದ ನಾಲ್ಕು ಸಾವಿರಕ್ಕೂ ಹೆಚ್ಚು ಮಂದಿಯಲ್ಲಿ ಶೇ 68ರಷ್ಟು ಜನರಿಗೆ ಆ ಹೊತ್ತಿಗೆ ಕೆಲಸವೇ ಇರಲಿಲ್ಲ. ಎಲ್ಲರೂ ಹಿಂದಿನ ವರ್ಷದ ಹಾಲಿವುಡ್ ಮುಷ್ಕರದ ಕಡೆ ಕೈ ತೋರಿಸಿದರು. ಸಿನಿಮಾ ಮತ್ತು ಕಥಾ ಸರಣಿಗಳ ಮಟ್ಟಿಗೆ ಆ ಮಾತು ಒಪ್ಪಬಹುದು. ಆದರೆ ಸಾಕ್ಷ್ಯಚಿತ್ರ ಮಾಡುವವರಿಗೆ ಅಮೆರಿಕದ ಚಿತ್ರಕಥೆಗಾರನೂ ಬೇಕಿಲ್ಲ, ನಟನೂ ಬೇಕಿಲ್ಲ. ಅವರ ಕೆಲಸ ಮುಷ್ಕರಕ್ಕೆ ಮೊದಲೇ ಕರಗತೊಡಗಿತ್ತು, ಮುಷ್ಕರ ಮುಗಿದ ಮೇಲೂ ಹಳೆಯ ಮಟ್ಟಕ್ಕೆ ಬರಲಿಲ್ಲ.

ಹಾಗಾಗಿ ಇದನ್ನು ಬರೀ ಮಂದಗತಿ ಎಂದು ನೋಡಿದರೆ ಅರ್ಧ ಮಾತ್ರ ಕಾಣುತ್ತದೆ. ಜಗತ್ತಿಗೇ ಸಾಕ್ಷ್ಯಚಿತ್ರದ ಪಾಠ ಹೇಳಿದ ದೇಶದಲ್ಲಿ, ಆ ಕೆಲಸವನ್ನು ಹೊಸಬರಿಗೆ ಕಲಿಸುವ ಖರ್ಚನ್ನು ಯಾರು ಹೊರಬೇಕು ಎಂಬ ಪ್ರಶ್ನೆ ಮೂವತ್ತು ವರ್ಷಗಳಿಂದ ಕೈಯಿಂದ ಕೈಗೆ ದಾಟುತ್ತ ಬಂದು, ಈಗ ಕಲಿಯುವವನ ತಲೆಯ ಮೇಲೇ ಕೂತಿದೆ.

ಮೊದಲು ಹೇಗಿತ್ತು ಎನ್ನುವುದಕ್ಕೆ ಮೈಕೆಲ್ ಆಪ್ಟೆಡ್ ಒಳ್ಳೆಯ ಉದಾಹರಣೆ. ಕೇಂಬ್ರಿಡ್ಜ್ ಮುಗಿಸಿ ಅವರು ಮ್ಯಾಂಚೆಸ್ಟರಿನ ಗ್ರನಾಡಾ ಟೆಲಿವಿಷನ್ನಿಗೆ ಟ್ರೈನಿಯಾಗಿ ಸೇರಿದರು. ಸಂಬಳ ಕಂಪನಿಯದ್ದು, ಕಲಿಕೆಯೂ ಕಂಪನಿಯ ಖರ್ಚಿನಲ್ಲಿ. 1964ರಲ್ಲಿ ಗ್ರನಾಡಾದ ‘ವರ್ಲ್ಡ್ ಇನ್ ಆ್ಯಕ್ಷನ್’ ತಂಡ ಏಳು ವರ್ಷದ ಮಕ್ಕಳ ಬಗ್ಗೆ ‘ಸೆವೆನ್ ಅಪ್’ ಎಂಬ ಒಂದೇ ಒಂದು ಕಂತು ಮಾಡಲು ಹೊರಟಾಗ ಅವರು ರಿಸರ್ಚರ್. ಬೇರೆ ಬೇರೆ ವರ್ಗದ ಹದಿನಾಲ್ಕು ಮಕ್ಕಳನ್ನು ಹುಡುಕಿದ ತಂಡದಲ್ಲಿದ್ದರು. ಅದು ಒಂದು ಕಂತಿಗೇ ನಿಲ್ಲಲಿಲ್ಲ. ಪ್ರತಿ ಏಳು ವರ್ಷಕ್ಕೊಮ್ಮೆ ಅದೇ ಮಕ್ಕಳ ಬಳಿ ಮರಳಿ ಹೋಗುವ ಸರಣಿಯಾಯಿತು. ಎರಡನೆಯ ಕಂತಿನಿಂದ ನಿರ್ದೇಶನವೂ ಆಪ್ಟೆಡ್ ಅವರದ್ದೇ. ನಡುವೆ ಒಂದು ಜೇಮ್ಸ್ ಬಾಂಡ್ ಸಿನಿಮಾವನ್ನೂ ಮಾಡಿ ಬಂದರು. 2019ರಲ್ಲಿ ಆ ‘ಮಕ್ಕಳು’ ಅರವತ್ಮೂರು ತಲುಪಿದ ಕಂತು ಪ್ರಸಾರವಾಯಿತು, 2021ರ ಜನವರಿಯಲ್ಲಿ ಆಪ್ಟೆಡ್ ತೀರಿಕೊಂಡರು. ಹದಿನಾಲ್ಕರಲ್ಲಿ ಹುಡುಗಿಯರು ನಾಲ್ವರೇ ಎಂಬ ಕೊರಗು ಅವರಿಗೆ ಕೊನೆಯವರೆಗೂ ಇತ್ತು. ಆ ಕಾಲವೇನೂ ಸ್ವರ್ಗವಾಗಿರಲಿಲ್ಲ. ಆಕ್ಸ್‌ಫರ್ಡ್–ಕೇಂಬ್ರಿಡ್ಜಿನ ಬಿಳಿಯ ಗಂಡಸರಿಗೆ ತೆರೆದಷ್ಟು ಸುಲಭವಾಗಿ ಆ ಬಾಗಿಲು ಮಿಕ್ಕವರಿಗೆ ತೆರೆಯುತ್ತಿರಲಿಲ್ಲ. ಆದರೆ ಒಳಗೆ ಹೋದವರಿಗೆ ತಪ್ಪು ಮಾಡಲು, ತಿದ್ದಿಕೊಳ್ಳಲು ಸಮಯ ಸಿಗುತ್ತಿತ್ತು.

ಈ ವ್ಯವಸ್ಥೆ ಬದಲಾದದ್ದು ಒಳ್ಳೆಯ ಉದ್ದೇಶದಿಂದಲೇ. 1982ರ ನವೆಂಬರಿನಲ್ಲಿ ಶುರುವಾದ ಚಾನೆಲ್ 4 ತಾನೇ ಕಾರ್ಯಕ್ರಮ ತಯಾರಿಸುವಂತಿರಲಿಲ್ಲ. ಪುಸ್ತಕ ಪ್ರಕಾಶಕರು ಲೇಖಕರಿಂದ ಹಸ್ತಪ್ರತಿ ಪಡೆದ ಹಾಗೆ, ಹೊರಗಿನ ಸಣ್ಣ ಕಂಪನಿಗಳಿಂದ ಮಾಡಿಸಿಕೊಳ್ಳಬೇಕಿತ್ತು. ಬಿಬಿಸಿ ಮತ್ತು ಖಾಸಗಿ ವಾಹಿನಿ ಐಟಿವಿಯ ಗೋಡೆಗಳ ಆಚೆ ಇದ್ದ ದನಿಗಳಿಗೆ ಇದರಿಂದ ಜಾಗ ಸಿಕ್ಕಿತು. 1990ರ ಬ್ರಾಡ್‌ಕಾಸ್ಟಿಂಗ್ ಕಾಯ್ದೆ ಬಿಬಿಸಿ, ಐಟಿವಿಗಳೂ ಶೇ 25ರಷ್ಟು ಕಾರ್ಯಕ್ರಮಗಳನ್ನು ಸ್ವತಂತ್ರ ನಿರ್ಮಾಪಕರಿಂದ ಪಡೆಯಬೇಕೆಂದಿತು. 2003ರ ಕಮ್ಯುನಿಕೇಷನ್ಸ್ ಕಾಯ್ದೆಯ ನಂತರ ಬಂದ ವ್ಯಾಪಾರ ನಿಯಮಗಳಿಂದ ಕಾರ್ಯಕ್ರಮದ ಹಕ್ಕು ನಿರ್ಮಾಣ ಕಂಪನಿಯ ಬಳಿಯೇ ಉಳಿಯತೊಡಗಿತು. ಲಂಡನ್ನಿನ ಸಣ್ಣ ಆಫೀಸಿನಲ್ಲಿ ಹುಟ್ಟಿದ ಕಾರ್ಯಕ್ರಮದ ಮಾದರಿಯೊಂದು ಇಪ್ಪತ್ತು ದೇಶಗಳಿಗೆ ಮಾರಾಟವಾಗುವ ಕಾಲ ಬಂತು. ಹಕ್ಕು ಕೈಯಲ್ಲಿದ್ದ ಕಂಪನಿಗಳಿಗೆ ಬೆಲೆ ಬಂತು, ಬೆಲೆ ಬಂದ ಕಂಪನಿಗಳನ್ನು ದೊಡ್ಡವರು ಕೊಂಡರು. ಈಗ ಸ್ವತಂತ್ರ ಎಂದು ಕರೆಸಿಕೊಳ್ಳುವ ಎಷ್ಟೋ ಕಂಪನಿಗಳು ಫ್ರಾನ್ಸಿನ ಬಾನಿಜೇಯಂಥ ಸಮೂಹಗಳ ಒಳಗಿವೆ. 2024ರಲ್ಲಿ ಆಲ್‌ತ್ರೀಮೀಡಿಯಾ ಸಮೂಹ 1.15 ಶತಕೋಟಿ ಪೌಂಡಿಗೆ ರೆಡ್‌ಬರ್ಡ್ ಐಎಂಐ ಎಂಬ ಹೂಡಿಕೆ ಕಂಪನಿಯ ಪಾಲಾಯಿತು.

ಕಾರ್ಯಕ್ರಮಗಳು ಚಾನೆಲ್‌ಗಳಿಂದ ಕಂಪನಿಗಳಿಗೆ ಹೋದವು, ಕಾಯಂ ನೌಕರಿ ಹಿಂದೆಯೇ ಉಳಿಯಿತು. ಚಾನೆಲ್ ಒಂದು ಸರಣಿಗೆ ಒಪ್ಪಿಗೆ ಕೊಟ್ಟಾಗ ಕಂಪನಿ ಹನ್ನೆರಡು ವಾರ, ಇಪ್ಪತ್ತು ವಾರಕ್ಕೆ ಜನ ಸೇರಿಸುತ್ತದೆ. ಸರಣಿ ಮುಗಿಯಿತು ಎಂದರೆ ಎಲ್ಲರೂ ಮನೆಗೆ. ವಾರದ ಲೆಕ್ಕದಲ್ಲಿ ಕೂಲಿ, ಅದರೊಳಗೇ ರಜೆಯ ದುಡ್ಡು. 2020ರ ಲಾಕ್‌ಡೌನಿನಲ್ಲಿ ಈ ಬದುಕಿನ ಬಿರುಕು ಬಯಲಾಯಿತು. ಸಣ್ಣ ಸಣ್ಣ ಕಾಂಟ್ರ್ಯಾಕ್ಟುಗಳ ನಡುವೆ ಓಡಾಡುವ ಟಿವಿ ಫ್ರೀಲಾನ್ಸರುಗಳಲ್ಲಿ ಬಹಳ ಮಂದಿ ಸರ್ಕಾರದ ಕಣ್ಣಿಗೆ ಪೂರ್ತಿ ನೌಕರರೂ ಅಲ್ಲ, ಪೂರ್ತಿ ಸ್ವಉದ್ಯೋಗಿಗಳೂ ಅಲ್ಲ. ಎರಡೂ ಬಗೆಯ ಪರಿಹಾರ ಅವರ ಕೈತಪ್ಪಿತು.

ಈ ಕೆಲಸದ ಶ್ರೇಣಿ ಗೊತ್ತಿಲ್ಲದವರಿಗೆ ಒಂದು ಮಾತು. ತಳದಲ್ಲಿ ರನ್ನರ್: ಚಹಾ ತರುವುದು, ಟ್ಯಾಕ್ಸಿ ಹಿಡಿಯುವುದು, ಸಂದರ್ಶನಗಳನ್ನು ಅಕ್ಷರಕ್ಕಿಳಿಸುವುದು. ಆಮೇಲೆ ರಿಸರ್ಚರ್, ಅದರ ಮೇಲೆ ಅಸಿಸ್ಟೆಂಟ್ ಪ್ರೊಡ್ಯೂಸರ್, ಎಲ್ಲರ ಬಾಯಲ್ಲಿ ಎಪಿ. ನಂತರ ಪ್ರೊಡ್ಯೂಸರ್–ಡೈರೆಕ್ಟರ್ ಅಥವಾ ಪಿಡಿ. ಅವರ ಮೇಲೆ ಸೀರೀಸ್ ಪ್ರೊಡ್ಯೂಸರ್, ಎಗ್ಸಿಕ್ಯೂಟಿವ್ ಪ್ರೊಡ್ಯೂಸರ್. ಇವರೆಲ್ಲ ಯಾರ ಒಂದು ಹೂಂಗಾಗಿ ಕಾಯುತ್ತಾರೋ ಆ ಕಮಿಷನಿಂಗ್ ಎಡಿಟರ್ ಇರುವುದು ಚಾನೆಲ್ಲಿನಲ್ಲಿ. ಬಜೆಟ್, ವೇಳಾಪಟ್ಟಿ, ವಿಮೆ ನೋಡಿಕೊಳ್ಳುವ ಪ್ರೊಡಕ್ಷನ್ ಮ್ಯಾನೇಜರುಗಳದ್ದು ಪಕ್ಕದ ಇನ್ನೊಂದು ಸಾಲು. ಆ ಸಾಲಿನವರಿಗೆ ಮಾತ್ರ ಕೆಲಸದ ಬರ ಒಂದಿಷ್ಟು ಕಡಿಮೆ, ಅವರ ಹೆಸರು ಪರದೆಯ ಮೇಲೆ ಯಾರ ನೆನಪಿನಲ್ಲೂ ಉಳಿಯದಿದ್ದರೂ.

ನಿಜವಾದ ವಿದ್ಯೆ ಇರುವುದು ರಿಸರ್ಚರ್ ಮತ್ತು ಎಪಿ ಹಂತದಲ್ಲಿ. 2011ರಿಂದ ಚಾನೆಲ್ 4ರಲ್ಲಿ ಬಂದ ‘24 ಅವರ್ಸ್ ಇನ್ ಎ ಅಂಡ್ ಇ’ ಸರಣಿಯನ್ನೇ ನೋಡಿ. ಮೊದಲು ಚಿತ್ರೀಕರಿಸಿದ್ದು ದಕ್ಷಿಣ ಲಂಡನ್ನಿನ ಕಿಂಗ್ಸ್ ಕಾಲೇಜ್ ಆಸ್ಪತ್ರೆಯ ತುರ್ತು ವಿಭಾಗದಲ್ಲಿ. ಗೋಡೆ, ಚಾವಣಿಗಳಿಗೆ ಕ್ಯಾಮೆರಾ ಕೂರಿಸಿ ದೂರದ ಕೋಣೆಯಿಂದ ನಡೆಸುವ ವಿಧಾನ. ನೋಡುಗರಿಗೆ ಕ್ಯಾಮೆರಾಗಳದ್ದೇ ಸೋಜಿಗ. ಆದರೆ ಇಂಥ ಸರಣಿ ನಿಂತಿರುವುದು ವಾರ್ಡಿನಲ್ಲಿ ಓಡಾಡುವ ತಂಡದವರ ನಾಲಗೆಯ ಮೇಲೆ. ಅಪಘಾತವಾಗಿ ಬಂದವನ ಹೆಂಡತಿ ಕಾರಿಡಾರಿನಲ್ಲಿ ನಿಂತಿದ್ದಾಳೆ. ಅವಳ ಬಳಿ ಯಾವಾಗ ಹೋಗಬೇಕು, ಮೊದಲ ವಾಕ್ಯ ಏನಿರಬೇಕು, ಯಾವ ಮುಖ ಕಂಡರೆ ಬಾಯಿ ಮುಚ್ಚಿಕೊಂಡು ಹಿಂದೆ ಸರಿಯಬೇಕು ಎಂಬುದನ್ನು ಕೈಪಿಡಿ ಕಲಿಸಲಾರದು. ಮೊದಲು ಬಾಯಿಮಾತಿನ ಒಪ್ಪಿಗೆ, ಆಮೇಲೆ ದೃಶ್ಯ ಬಳಸಲು ಅನುಮತಿ ಕೊಡುವ ರಿಲೀಸ್ ಫಾರಂ ಮೇಲೆ ಸಹಿ, ವಾರಗಳ ನಂತರ ಪ್ರಸಾರಕ್ಕೆ ಮುನ್ನ ಮತ್ತೊಮ್ಮೆ ಫೋನು. ಪ್ರಜ್ಞೆ ಇಲ್ಲದ ರೋಗಿಯಾದರೆ ಚೇತರಿಸಿಕೊಂಡ ಮೇಲೆ ಅವನನ್ನೇ ಕೇಳಬೇಕು. ಅವನು ಬೇಡ ಎಂದರೆ ಎಷ್ಟೇ ಮನಕಲಕುವ ದೃಶ್ಯವಾದರೂ ಅದು ಕಸದ ಬುಟ್ಟಿಗೆ.

ಇದನ್ನು ಹೊಸಬ ಕಲಿಯುವುದು ಅನುಭವಿಯ ಪಕ್ಕ ನಿಂತು. ಅಂದರೆ ಒಬ್ಬರು ಮಾಡುವ ಕೆಲಸಕ್ಕೆ ಕಂಪನಿ ಇಬ್ಬರಿಗೆ ಕೂಲಿ ಕೊಡಬೇಕು. ಬಜೆಟ್ ಶೀಟಿನಲ್ಲಿ ಪೆನ್ನು ಮೊದಲು ಹೊಡೆದು ಹಾಕುವುದು ಆ ಎರಡನೆಯ ಹೆಸರನ್ನು.

ಬಜೆಟ್ ಕುಗ್ಗಿದ್ದಕ್ಕೆ ಕಾರಣಗಳು ಗುಟ್ಟೇನಲ್ಲ. ಟಿವಿ ನೋಡುವ ಮನೆಗಳು ವರ್ಷಕ್ಕೆ ಕಟ್ಟುವ ಬಿಬಿಸಿಯ ಲೈಸೆನ್ಸ್ ಶುಲ್ಕ 2010ರಿಂದ 2017ರವರೆಗೆ 145.50 ಪೌಂಡಿನಲ್ಲೇ ನಿಂತಿತ್ತು. ಬೆಲೆಗಳು ಗಗನಕ್ಕೇರಿದ 2022–2023ರಲ್ಲಿ ಮತ್ತೆ 159ಕ್ಕೆ ಕಟ್ಟಿಹಾಕಿದರು. 2025ರ ಏಪ್ರಿಲಿನಲ್ಲಿ 174.50 ಆಯಿತು, ಆದರೆ ನಡುವೆ ಕಳೆದುಕೊಂಡದ್ದು ತುಂಬಿ ಬರುವುದಿಲ್ಲ. ಚಾನೆಲ್ 4 ಸರ್ಕಾರದ ಒಡೆತನದಲ್ಲಿದ್ದರೂ ಬದುಕುವುದು ಜಾಹೀರಾತಿನ ಹಣದಿಂದ. 2023ರಲ್ಲಿ ಜಾಹೀರಾತು ಕುಸಿದಾಗ ಅದರ ಖಾತೆಯಲ್ಲಿ 52 ದಶಲಕ್ಷ ಪೌಂಡ್ ಕೊರತೆ ಬಿತ್ತು. 2024ರ ಜನವರಿಯಲ್ಲಿ ಸುಮಾರು 240 ಹುದ್ದೆ ಕಡಿತ ಘೋಷಿಸಿತು. ಅದಕ್ಕೂ ಮುನ್ನ ಹೊಸ ಸರಣಿಗಳ ಖರೀದಿಗೆ ತಡೆ ಹಾಕಿದ್ದು ಸಣ್ಣ ಕಂಪನಿಗಳಿಗೆ ಹೆಚ್ಚು ನೋವಾದ ಪೆಟ್ಟು. ಇತ್ತ ನೋಡುಗರೂ ಕದಲಿದ್ದಾರೆ. ನಿಯಂತ್ರಕ ಸಂಸ್ಥೆ ಆಫ್‌ಕಾಮ್‌ನ 2025ರ ವರದಿಯ ಪ್ರಕಾರ ಬ್ರಿಟನ್ನಿನ ಮನೆಗಳಲ್ಲಿ ಬಿಬಿಸಿ ಬಿಟ್ಟರೆ ಅತಿ ಹೆಚ್ಚು ನೋಡುವುದು ಯೂಟ್ಯೂಬನ್ನು. ಐಟಿವಿ ಅದರ ಹಿಂದೆ.

ತೆರಿಗೆ ರಿಯಾಯಿತಿಯ ವಿಷಯ ಇನ್ನೂ ಸ್ವಾರಸ್ಯಕರ. 2013ರಿಂದ ಬ್ರಿಟನ್ ದುಬಾರಿ ಟಿವಿ ಕಾರ್ಯಕ್ರಮಗಳಿಗೆ ರಿಯಾಯಿತಿ ಕೊಡುತ್ತಿದೆ. ಕಾನೂನಿನಲ್ಲಿ ಸಾಕ್ಷ್ಯಚಿತ್ರದ ಹೆಸರೂ ಇದೆ. ಆದರೆ ಗಂಟೆಯೊಂದಕ್ಕೆ ಕನಿಷ್ಠ ಹತ್ತು ಲಕ್ಷ ಪೌಂಡ್ ಖರ್ಚಾಗಬೇಕು ಎಂಬುದು ಷರತ್ತು. ಬಾನಿಂದ ಧ್ರುವಕರಡಿಯನ್ನು ಸೆರೆಹಿಡಿಯುವ ಭಾರಿ ಸರಣಿಗಳು ಆ ಗೆರೆ ದಾಟುತ್ತವೆ. ಲೀಡ್ಸ್‌ನ ಶಾಲೆಯೊಂದರಲ್ಲೋ ಗ್ಲಾಸ್ಗೋದ ವೃದ್ಧಾಶ್ರಮದಲ್ಲೋ ಆರು ತಿಂಗಳು ಕೂತು ಮಾಡುವ ಚಿತ್ರ ಅದರ ಹತ್ತಿರಕ್ಕೂ ಬರುವುದಿಲ್ಲ. ಹೊಸಬರನ್ನು ತಯಾರು ಮಾಡುತ್ತಿದ್ದದ್ದು ಮಾತ್ರ ಇಂಥ ಚಿತ್ರಗಳೇ. ಸಹಾಯಧನ ಇರುವುದೇ ದೊಡ್ಡವರಿಗೆ ಎಂದು ನಮ್ಮ ರೈತರು ಹೇಳುವುದನ್ನು ಅಲ್ಲಿನ ಪಿಡಿಗಳೂ ಇಂಗ್ಲಿಷಿನಲ್ಲಿ ಹೇಳುತ್ತಿರುತ್ತಾರೆ.

ತಂತ್ರಜ್ಞಾನವೂ ತನ್ನ ಪಾಲು ಕಿತ್ತುಕೊಂಡಿತು. ಒಂದು ಕಾಲಕ್ಕೆ ಸಾಕ್ಷ್ಯಚಿತ್ರದ ತಂಡ ಎಂದರೆ ನಿರ್ದೇಶಕ, ಕ್ಯಾಮೆರಾಮನ್, ಧ್ವನಿಗ್ರಾಹಕ, ಸಹಾಯಕ. 1990ರ ದಶಕದ ಕೊನೆಗೆ ಸಣ್ಣ ಡಿಜಿಟಲ್ ಕ್ಯಾಮೆರಾಗಳು ಬಂದ ಮೇಲೆ ನಿರ್ದೇಶಕರೇ ಚಿತ್ರೀಕರಿಸುವುದು ರೂಢಿಯಾಯಿತು. ಜನರ ಮನೆಯೊಳಗೆ ನಾಲ್ಕು ಜನ ನುಗ್ಗುವ ಬದಲು ಒಬ್ಬರೇ ಹೋದರೆ ಆಪ್ತತೆ ಹೆಚ್ಚು, ಅದು ನಿಜ. ಆದರೆ ಆ ಒಬ್ಬರ ದಿನ ಹೇಗಿರುತ್ತದೆ ಎಂದರೆ: ಬೆಳಿಗ್ಗೆ ಬಾಡಿಗೆ ಕಾರು ತಾವೇ ಓಡಿಸಬೇಕು, ಪ್ರಶ್ನೆ ಕೇಳುತ್ತಲೇ ಫೋಕಸ್ ಹಿಡಿಯಬೇಕು, ಕಿವಿಯಲ್ಲಿ ಹೆಡ್‌ಫೋನ್ ಇಟ್ಟು ಎದುರಿನವರ ಕಾಲರಿನ ಮೈಕು ಬಟ್ಟೆಗೆ ಉಜ್ಜುತ್ತಿದೆಯೇ ಎಂದು ಆಲಿಸುತ್ತಲೇ ಅವರ ಅಳುವನ್ನೂ ಕೇಳಿಸಿಕೊಳ್ಳಬೇಕು. ರಾತ್ರಿ ಹೋಟೆಲಿನ ಕೋಣೆಯಲ್ಲಿ ಮೆಮೊರಿ ಕಾರ್ಡುಗಳನ್ನು ಎರಡು ಬೇರೆ ಬೇರೆ ಡ್ರೈವಿಗೆ ನಕಲು ಮಾಡಿ, ಎರಡನ್ನೂ ತೆರೆದು ಪರೀಕ್ಷಿಸಿ, ಒಂದನ್ನು ತಾವು ಇಟ್ಟುಕೊಂಡು ಇನ್ನೊಂದನ್ನು ಬೇರೆಯವರ ಬ್ಯಾಗಿಗೆ ಹಾಕಬೇಕು. ಬೇರೆಯವರು ಇದ್ದರೆ. ಜೊತೆಗೆ ಒಬ್ಬ ಎಪಿ ಇದ್ದಿದ್ದರೆ ಅರ್ಧ ಹೊರೆ ಇಳಿಯುತ್ತಿತ್ತು, ಆ ಎಪಿಗೆ ಮುಂದಿನ ಹಂತದ ವಿದ್ಯೆಯೂ ದಕ್ಕುತ್ತಿತ್ತು.

ಕೋವಿಡ್ ನಂತರದ ಏರಿಳಿತ ಗಾಯಕ್ಕೆ ಉಪ್ಪು ಸವರಿತು. 2021–2022ರಲ್ಲಿ ಚಾನೆಲ್‌ಗಳೂ ಸ್ಟ್ರೀಮಿಂಗ್ ಕಂಪನಿಗಳೂ ಒಟ್ಟಿಗೇ ಕಾರ್ಯಕ್ರಮ ಕೊಳ್ಳಲು ಮುಗಿಬಿದ್ದು ಜನವೇ ಸಿಗದಂತಾಗಿತ್ತು. ಪರದೆಯ ಮೇಲೆ ಒಂದೆರಡು ಸಲ ಹೆಸರು ಬಂದಿದ್ದ ರಿಸರ್ಚರುಗಳನ್ನು ಎಪಿ ಮಾಡಿದರು, ಎಪಿಗಳ ಕೈಗೆ ಪೂರ್ತಿ ಕಂತು ಕೊಟ್ಟರು. 2023ರಲ್ಲಿ ಬಾಗಿಲು ಮುಚ್ಚಿದಾಗ ಇವರೆಲ್ಲ ನಡುನೀರಿನಲ್ಲಿ ನಿಂತರು. ಹೆಸರಿನ ಹುದ್ದೆ ದೊಡ್ಡದು, ಅದಕ್ಕೆ ಬೇಕಾದ ಅನುಭವ ಇಲ್ಲ. ಕೆಳಗಿನ ಹುದ್ದೆಗೆ ಅರ್ಜಿ ಹಾಕಿದರೆ ‘ನೀವು ಮೇಲಿನವರಲ್ಲವೇ’ ಎಂಬ ಉತ್ತರ. ಸರಣಿಗೆ ಮತ್ತೆ ಜನ ಬೇಕಾದಾಗ ಕಂಪನಿ ಕರೆಯುವುದು ಇಪ್ಪತ್ತು ವರ್ಷದ ಅನುಭವ ಇರುವವರನ್ನೇ, ಅವರೂ ಖಾಲಿ ಕೂತಿರುವಾಗ ಹೊಸಬರನ್ನು ಕರೆದು ಅಪಾಯ ಮೈಮೇಲೆ ಎಳೆದುಕೊಳ್ಳುವವರು ಯಾರು?

ಇಂಥ ಹೊತ್ತಿನಲ್ಲಿ ಉಳಿಯುವವರು ಯಾರು ಎಂದು ಊಹಿಸುವುದು ಕಷ್ಟವಲ್ಲ: ಲಂಡನ್ನಿನಲ್ಲಿ ಅಪ್ಪ–ಅಮ್ಮನ ಮನೆ ಇರುವವರು, ಆರು ತಿಂಗಳು ಸಂಬಳವಿಲ್ಲದಿದ್ದರೂ ಬಾಡಿಗೆ ಕಟ್ಟಬಲ್ಲವರು. 2024ರ ಎಡಿನ್‌ಬರ್ಗ್ ಟಿವಿ ಉತ್ಸವದ ಮ್ಯಾಕ್‌ಟ್ಯಾಗರ್ಟ್ ಉಪನ್ಯಾಸದಲ್ಲಿ ನಾಟಕಕಾರ ಜೇಮ್ಸ್ ಗ್ರಹಾಂ ಎತ್ತಿದ ಅಂಕಿ ಇದೇ: ಟಿವಿಯಲ್ಲಿ ದುಡಿಯುವವರಲ್ಲಿ ಕಾರ್ಮಿಕ ಕುಟುಂಬಗಳಿಂದ ಬಂದವರು ಶೇ 8ರಷ್ಟು ಮಾತ್ರ. ಅದೇ ವೇದಿಕೆಯಲ್ಲಿ 2020ರಲ್ಲಿ ಇತಿಹಾಸಕಾರ ಡೇವಿಡ್ ಒಲುಸೋಗ ಮಾತನಾಡಿದ್ದರು. ಪರದೆಯ ಮೇಲೆ ಬರುವ ಮುಂಚೆ ವರ್ಷಗಟ್ಟಲೆ ಕ್ಯಾಮೆರಾದ ಹಿಂದೆ ದುಡಿದವರು. ಕಪ್ಪು ಜನಾಂಗದವನಾಗಿ ಈ ಉದ್ಯಮದಲ್ಲಿ ಪಟ್ಟ ಒಂಟಿತನ ಖಿನ್ನತೆಯವರೆಗೂ ತಳ್ಳಿತ್ತು ಎಂದು ಅವರು ಬಿಚ್ಚಿ ಹೇಳಿದರು. ಸಹೋದ್ಯೋಗಿಗಳಾಗಿದ್ದ ಎಷ್ಟೋ ಕಪ್ಪು ಪ್ರತಿಭೆಗಳು ಉದ್ಯಮವನ್ನೇ ಬಿಟ್ಟು ಹೋದದ್ದನ್ನೂ ಹೇಳಿದರು.

ಕಲಿಕೆಯ ಸಮಯ ಕುಗ್ಗಿದ್ದರ ಬೆಲೆ ಪರದೆಯ ಮೇಲೆ ಕಾಣುತ್ತದೆಯೇ? ನೇರ ಗೆರೆ ಎಳೆಯುವುದು ಅನ್ಯಾಯ. ಆದರೂ 2025 ಸಾಕ್ಷ್ಯಚಿತ್ರದವರು ಮರೆಯುವ ವರ್ಷವಲ್ಲ. ಗಾಜಾದ ಮಕ್ಕಳ ಬಗ್ಗೆ ಹೊರಗಿನ ಕಂಪನಿಯೊಂದು ಮಾಡಿದ ಚಿತ್ರವನ್ನು ಬಿಬಿಸಿ ಫೆಬ್ರವರಿಯಲ್ಲಿ ಹಿಂತೆಗೆದುಕೊಂಡಿತು. ಕತೆ ಹೇಳುವ ಹುಡುಗನ ತಂದೆ ಹಮಾಸ್ ಆಡಳಿತದಲ್ಲಿ ಉಪಸಚಿವ ಎಂಬುದನ್ನು ನೋಡುಗರಿಗೆ ತಿಳಿಸಿರಲಿಲ್ಲ. ಇದು ದಾರಿ ತಪ್ಪಿಸಿದಂತೆ ಎಂದು ಅಕ್ಟೋಬರಿನಲ್ಲಿ ಆಫ್‌ಕಾಮ್ ತೀರ್ಪಿತ್ತಿತು. ಗಾಜಾದ ವೈದ್ಯರ ಬಗೆಗಿನ ಇನ್ನೊಂದು ಚಿತ್ರವನ್ನು ಬಿಬಿಸಿ ತಾನೇ ಮಾಡಿಸಿ, ಕೊನೆಗೆ ಪ್ರಸಾರ ಮಾಡಲು ಹಿಂಜರಿಯಿತು. ಜುಲೈ 2ರಂದು ಅದು ಚಾನೆಲ್ 4ರಲ್ಲಿ ಬಂತು. ನವೆಂಬರಿನಲ್ಲಿ ಬಿಬಿಸಿಯದೇ ತನಿಖಾ ಸರಣಿ ‘ಪನೋರಮಾ’ದ ಸರದಿ. ಹಿಂದಿನ ವರ್ಷದ ಕಂತಿನಲ್ಲಿ ಟ್ರಂಪ್ ಭಾಷಣದ ಎರಡು ತುಣುಕುಗಳನ್ನು, ನಡುವೆ ಐವತ್ತಕ್ಕೂ ಹೆಚ್ಚು ನಿಮಿಷಗಳ ಅಂತರವಿದ್ದರೂ, ಒಂದೇ ಉಸಿರಿನ ಮಾತೆಂಬಂತೆ ಜೋಡಿಸಿದ್ದು ಹೊರಬಿತ್ತು. ನವೆಂಬರ್ 9ರಂದು ಬಿಬಿಸಿಯ ಮಹಾನಿರ್ದೇಶಕ ಟಿಮ್ ಡೇವಿ, ಸುದ್ದಿ ವಿಭಾಗದ ಮುಖ್ಯಸ್ಥೆ ಡೆಬೊರಾ ಟರ್ನೆಸ್ ಇಬ್ಬರೂ ರಾಜೀನಾಮೆ ಕೊಟ್ಟರು.

ಈ ಪ್ರಕರಣಗಳ ರಾಜಕೀಯ ಬೇರೆ, ಅದರ ಜಗಳ ಮುಗಿಯುವಂಥದ್ದಲ್ಲ. ಕಸುಬಿನ ದೃಷ್ಟಿಯಿಂದ ನನಗೆ ಕಾಣುವುದಿಷ್ಟು: ‘ಈ ಹುಡುಗನ ಅಪ್ಪ ಏನು ಮಾಡುತ್ತಾನೆ?’, ‘ಈ ಎರಡು ವಾಕ್ಯಗಳ ನಡುವೆ ಏನಿತ್ತು?’ ಎಂದು ಕೇಳುವುದು ಮೂಲತಃ ರಿಸರ್ಚರನ ಕೆಲಸ. ಕೇಳಿದ್ದಕ್ಕೆ ಸಿಕ್ಕ ಉತ್ತರವನ್ನು ಮೇಲಿನವರ ಮುಂದೆ ಹಿಡಿದು ಹಟ ಮಾಡುವ ಧೈರ್ಯವೂ ಬೇಕು. ಮುಂದಿನ ಕಾಂಟ್ರ್ಯಾಕ್ಟು ಅದೇ ಮೇಲಿನವರ ಕೈಯಲ್ಲಿರುವಾಗ ಆ ಹಟ ಎಲ್ಲಿಂದ ಬರಬೇಕು? ತಪ್ಪಾದ ಮೇಲೆ ನಿಯಮಪಾಲನೆ ನೋಡುವ ಕಂಪ್ಲಯನ್ಸ್ ವಿಭಾಗಕ್ಕೆ ಇನ್ನಷ್ಟು ವಕೀಲರನ್ನು ಸೇರಿಸಬಹುದು. ವಕೀಲರು ನೋಡುವುದು ತಮ್ಮ ಮುಂದೆ ಬಂದ ಕಾಗದವನ್ನು ಮಾತ್ರ.

ಬ್ರಿಸ್ಟಲ್ ಮಾತ್ರ ಸ್ವಲ್ಪ ಬೇರೆ ಲೋಕ. 1957ರಲ್ಲಿ ಬಿಬಿಸಿ ಅಲ್ಲಿ ನ್ಯಾಚುರಲ್ ಹಿಸ್ಟರಿ ಯೂನಿಟ್ ಶುರು ಮಾಡಿತು. ಡೇವಿಡ್ ಅಟೆನ್‌ಬರೋ ದನಿಯ ಮಹಾ ಸರಣಿಗಳು ಬಂದದ್ದು ಆ ಊರಿನಿಂದ. ಅಲ್ಲಿಂದ ಹೊರಬಂದವರು ಸುತ್ತಮುತ್ತ ತಮ್ಮವೇ ಕಂಪನಿ ಕಟ್ಟಿದರು. ಒಂದೊಂದು ಸರಣಿಗೆ ಮೂರು–ನಾಲ್ಕು ವರ್ಷ ಹಿಡಿಯುವುದರಿಂದ ಕಾಂಟ್ರ್ಯಾಕ್ಟೂ ದೀರ್ಘ, ಕಲಿಯಲು ಸಮಯವೂ ಉಂಟು. ಜಗತ್ತಿಗೆಲ್ಲ ಮಾರಾಟವಾಗುವ ಸರಕಾದ್ದರಿಂದ ಹಣವೂ ಇತ್ತು. ಸ್ಟ್ರೀಮಿಂಗ್ ಕಂಪನಿಗಳು ಕೈ ಬಿಗಿ ಹಿಡಿದ ಮೇಲೆ ಅಲ್ಲೂ ಕೆಲಸ ಕಡಿಮೆಯಾಗಿದೆ.

ಈ ಊರಿಗೂ ಕರ್ನಾಟಕಕ್ಕೂ ನಂಟು ಹಳೆಯದು. ಬಂಡೀಪುರದ ಕಾಡುನಾಯಿಗಳ ಹಿಂದೆ ವರ್ಷಗಟ್ಟಲೆ ಅಲೆದ ಮೈಸೂರಿನ ಕೃಪಾಕರ–ಸೇನಾನಿ ಜೋಡಿಗೆ ಗ್ರೀನ್ ಆಸ್ಕರ್ ಎಂದೇ ಹೆಸರಾದ ಪಾಂಡಾ ಪ್ರಶಸ್ತಿ ಬಂದದ್ದು ಬ್ರಿಸ್ಟಲಿನ ವೈಲ್ಡ್‌ಸ್ಕ್ರೀನ್ ಉತ್ಸವದಿಂದ. ಕಲ್ಯಾಣ್ ವರ್ಮಾ ಮತ್ತು ಅಮೋಘವರ್ಷ ನಮ್ಮ ರಾಜ್ಯದ ಕಾಡುಗಳ ಮೇಲೆ ಮಾಡಿದ ಚಿತ್ರಕ್ಕೆ ಅಟೆನ್‌ಬರೋ ಅವರೇ ದನಿ ಕೊಟ್ಟರು, 2020ರಲ್ಲಿ ಅದು ಚಿತ್ರಮಂದಿರಗಳಲ್ಲಿ ತೆರೆ ಕಂಡಿತು. ನಂಟಿನಲ್ಲಿ ಕಹಿಯೂ ಇದೆ. 2017ರಲ್ಲಿ ಕಾಜಿರಂಗದ ಕುರಿತ ಬಿಬಿಸಿ ಸುದ್ದಿ ವಿಭಾಗದ ವರದಿಯಿಂದ ಕೆರಳಿದ ನಮ್ಮ ಹುಲಿ ಸಂರಕ್ಷಣಾ ಪ್ರಾಧಿಕಾರ, ಐದು ವರ್ಷ ಯಾವ ಹುಲಿ ಮೀಸಲು ಪ್ರದೇಶದಲ್ಲೂ ಬಿಬಿಸಿಗೆ ಚಿತ್ರೀಕರಣದ ಅನುಮತಿ ಕೊಡಬೇಡಿ ಎಂದು ರಾಜ್ಯಗಳಿಗೆ ಹೇಳಿತು. ಬಂಡೀಪುರ, ನಾಗರಹೊಳೆಯೂ ಅದರಲ್ಲಿ ಸೇರಿದವು. ಸುದ್ದಿ ವಿಭಾಗದ ಪತ್ರಕರ್ತರ ವರದಿಗೆ ದಂಡ ಕಟ್ಟಿದ್ದು ಬ್ರಿಸ್ಟಲಿನ ಪ್ರಾಣಿ ಚಿತ್ರದವರು.

ಸಾಕ್ಷ್ಯಚಿತ್ರದ ಸ್ನಾತಕೋತ್ತರ ಪದವಿಗೆ ಬ್ರಿಟನ್ನಿನ ವಿಶ್ವವಿದ್ಯಾಲಯಗಳಿಗೆ ಅರ್ಜಿ ಹಾಕುವ ಬೆಂಗಳೂರು, ಮಂಗಳೂರಿನ ಹುಡುಗ ಹುಡುಗಿಯರು ಈ ಲೆಕ್ಕವನ್ನೆಲ್ಲ ಇನ್ನೊಂದು ಕೋನದಿಂದ ನೋಡಬೇಕು. ಓದು ಮುಗಿದ ಮೇಲಿನ ಗ್ರಾಜುಯೇಟ್ ವೀಸಾ ಈಗ ಎರಡು ವರ್ಷ. 2027ರ ಜನವರಿ 1ರಿಂದ ಅರ್ಜಿ ಹಾಕುವವರಿಗೆ ಹದಿನೆಂಟು ತಿಂಗಳು. ಅದರಾಚೆ ಉಳಿಯಲು ಸ್ಕಿಲ್ಡ್ ವರ್ಕರ್ ವೀಸಾ ಬೇಕು. ಅದಕ್ಕೆ ಪ್ರಾಯೋಜಿಸುವ ಉದ್ಯೋಗದಾತ ಬೇಕು, 2025ರ ಜುಲೈನಿಂದ ಸಾಮಾನ್ಯ ಸಂಬಳದ ಮಿತಿ ವರ್ಷಕ್ಕೆ 41,700 ಪೌಂಡ್. ರನ್ನರಿನ ಸಂಬಳ ಆ ಮಟ್ಟಕ್ಕೆ ಹೋಗುವುದಿಲ್ಲ. ಹೋದರೂ, ಹನ್ನೆರಡು ವಾರದ ಕಾಂಟ್ರ್ಯಾಕ್ಟಿನವರಿಗೆ ಯಾವ ಕಂಪನಿ ಪ್ರಾಯೋಜಕನಾಗಿ ನಿಲ್ಲುತ್ತದೆ? ಇನ್ನೊಂದು ದಾರಿಯಾದ ಗ್ಲೋಬಲ್ ಟ್ಯಾಲೆಂಟ್ ವೀಸಾ ಈಗಾಗಲೇ ಹೆಸರು, ಪ್ರಶಸ್ತಿ ಗಳಿಸಿದವರಿಗೆ. ಅಂದರೆ ಅಲ್ಲಿಯ ಹುಡುಗರಿಗೇ ಸಿಗದ ಕೆಳಗಿನ ಹಂತ ನಮ್ಮವರಿಗೆ ಕಾನೂನಿನಿಂದಲೇ ಮುಚ್ಚಿದೆ.

ಊರಲ್ಲೇ ಇದ್ದು ಮಾಡುವ ಕೆಲಸಕ್ಕೆ ಅವಕಾಶ ಹೆಚ್ಚು. ಕೋವಿಡ್ ಕಾಲದಲ್ಲಿ ವಿಮಾನ ನಿಂತಾಗ ಬ್ರಿಟನ್ನಿನ ಕಂಪನಿಗಳು ಸ್ಥಳೀಯ ಕ್ಯಾಮೆರಾಮನ್‌ಗಳಿಂದಲೇ ಚಿತ್ರೀಕರಿಸಿ, ನಿರ್ದೇಶಕರನ್ನು ವಿಡಿಯೋ ಕರೆಯಲ್ಲಿ ಕೂರಿಸುವುದನ್ನು ಕಲಿತವು. ಪ್ರಯಾಣದ ಖರ್ಚು ಉಳಿಯಿತು, ಇಂಗಾಲದ ಲೆಕ್ಕವೂ ಚೆನ್ನಾಗಿ ಕಂಡಿತು, ಹಾಗಾಗಿ ಅಭ್ಯಾಸ ಉಳಿದುಕೊಂಡಿತು. ಹಾಗೆ ಕರೆ ಬಂದಾಗ ದಿನಗೂಲಿಯ ಮಾತು ಎಲ್ಲರೂ ಆಡುತ್ತಾರೆ. ಒಪ್ಪಂದದ ಕಾಗದದಲ್ಲಿ ಮೊದಲೇ ಬರೆಸಿಕೊಳ್ಳಬೇಕಾದ್ದು ಬೇರೆ ಮೂರಿವೆ: ಪರದೆಯ ಮೇಲೆ ತಮ್ಮ ಹೆಸರು ಯಾವ ಹುದ್ದೆಯಡಿ ಬರುತ್ತದೆ, ಬಳಸದೇ ಉಳಿದ ದೃಶ್ಯಗಳ ಹಕ್ಕು ಯಾರದ್ದು, ಕಾಡಿನಲ್ಲಿ ಕಾಲು ಮುರಿದರೆ ಯಾರ ವಿಮೆ.